ಇಲ್ಲದ ಲೋಕ, ಇಲ್ಲದ ಮಾತು: ಫ್ಯಾಂಟಸಿ ಕತೆಗಾರರು ಇವನ್ನು ಕಟ್ಟುವುದು ಹೇಗೆ?

ಒಂದು ನದಿ ಇದೆ ಅಂದುಕೊಳ್ಳಿ. ಆರು ತಿಂಗಳು ಅದು ಸಮುದ್ರದ ಕಡೆ ಹರಿಯುತ್ತದೆ. ಇನ್ನಾರು ತಿಂಗಳು ಹಿಂದಕ್ಕೆ ತಿರುಗಿ ಒಳನಾಡಿನ ಸರೋವರದ ಕಡೆ ಹರಿಯುತ್ತದೆ. ಅದರ ದಂಡೆಯ ಮೇಲೆ ಬದುಕುವ ಜನ ಹೇಗಿರುತ್ತಾರೆ? ಮೇಲೂರು, ಕೆಳಗೂರು ಅನ್ನುವ ಹೆಸರಿಗೆ ಅವರಲ್ಲಿ ಅರ್ಥ ಇರುತ್ತದಾ? ಈ ವರ್ಷ ಮೇಲಿದ್ದ ಊರು ಮಳೆ ಬಂದ ಮೇಲೆ ಕೆಳಗಾಗುತ್ತದಲ್ವಾ?

ಒಂದು ಲೋಕ ಹುಟ್ಟೋಕೆ ಇಷ್ಟು ಸಾಕು. ಹೊಸದಾಗಿ ಫ್ಯಾಂಟಸಿ ಬರೆಯಲು ಕೂತವರು ಸಾಮಾನ್ಯವಾಗಿ ಬೇರೆ ತುದಿಯಿಂದ ಶುರು ಮಾಡುತ್ತಾರೆ. ಹನ್ನೆರಡು ದೇವರು, ನಲವತ್ತು ಊರು, ಮುನ್ನೂರು ವರ್ಷಗಳ ರಾಜರ ಪಟ್ಟಿ. ನಾನೂ ಹಾಗೆ ಒಂದು ನೋಟ್‌ಬುಕ್ ಪೂರ್ತಿ ತುಂಬಿಸಿದ್ದೆ. ಅದರಲ್ಲಿ ಒಂದು ಪುಟವೂ ಕತೆಯಾಗಲಿಲ್ಲ. ಪಟ್ಟಿಯಲ್ಲಿರುವ ಸಂಗತಿಗಳು ಒಂದಕ್ಕೊಂದು ಅಂಟಿಕೊಳ್ಳುವುದಿಲ್ಲ. ಒಂದೇ ಬೇರಿನಿಂದ ಚಿಗುರಿದವು ಮಾತ್ರ ಅಂಟಿಕೊಳ್ಳುತ್ತವೆ. ಹಾಗಾಗಿ ಈ ಲೇಖನದುದ್ದಕ್ಕೂ ಆ ಒಂದು ನದಿಯ ಬೆನ್ನು ಹತ್ತೋಣ.

ಮೊದಲು: ಬದಲಾಯಿಸುವುದು ಒಂದನ್ನೇ

ನಮ್ಮ ಲೋಕದಲ್ಲಿ ಇಲ್ಲದ, ಅಥವಾ ಎಲ್ಲೋ ಅಪರೂಪಕ್ಕೆ ಇರುವ ಒಂದೇ ಸಂಗತಿ ಆರಿಸಿಕೊಳ್ಳಿ. ಅಪರೂಪಕ್ಕೆ ಇರುವುದೇ ವಾಸಿ. ಅದು ಹೇಗೆ ನಡೆಯುತ್ತದೆ ಅಂತ ನೋಡಿ ಕಲಿಯಬಹುದು. ತಿರುಗುವ ನದಿ ನನ್ನ ಕಲ್ಪನೆ ಅಲ್ಲ. ಕಾಂಬೋಡಿಯಾದ ಟೊನ್ಲೆ ಸಾಪ್ ನದಿ ಪ್ರತಿ ವರ್ಷ ದಿಕ್ಕು ಬದಲಿಸುತ್ತದೆ. ಮಳೆಗಾಲದಲ್ಲಿ ಮೆಕಾಂಗ್ ನದಿ ಉಕ್ಕಿದಾಗ ಅದರ ನೀರು ಈ ನದಿಯನ್ನು ಹಿಂದಕ್ಕೆ ತಳ್ಳಿ ಸರೋವರಕ್ಕೆ ನುಗ್ಗುತ್ತದೆ. ಸರೋವರ ಹಲವು ಪಟ್ಟು ಹಿಗ್ಗುತ್ತದೆ. ಮೆಕಾಂಗ್ ಇಳಿದ ಮೇಲೆ ನೀರು ಮತ್ತೆ ಹೊರಗೆ ಹರಿಯುತ್ತದೆ. ಕಾರಣ ಗೊತ್ತಾಯಿತು ನೋಡಿ. ಈಗ ಇದನ್ನು ಎಷ್ಟು ಬೇಕಾದರೂ ಹಿಗ್ಗಿಸಬಹುದು.

ಎರಡನೆಯದು: "ಹಾಗಾದ್ರೆ?" ಅಂತ ಕೇಳುತ್ತಾ ಹೋಗಿ

ಕಾಗದದ ನಡುವೆ "ನದಿ ತಿರುಗುತ್ತದೆ" ಅಂತ ಬರೆದು, ಒಂದೊಂದು ಉತ್ತರಕ್ಕೂ ಮತ್ತೆ "ಹಾಗಾದ್ರೆ?" ಅಂತ ಕೇಳಿ. ದೋಣಿಯಲ್ಲಿ ಭಾರದ ಸರಕು ಹರಿವಿನ ಜೊತೆಗಷ್ಟೇ ಹೋಗುತ್ತದೆ. ಹಾಗಾದ್ರೆ? ಉಪ್ಪು ವರ್ಷದ ಒಂದು ಅರ್ಧದಲ್ಲಿ ಒಳನಾಡಿಗೆ ಬರುತ್ತದೆ, ಮರ ಇನ್ನೊಂದು ಅರ್ಧದಲ್ಲಿ ಕರಾವಳಿಗೆ ಹೋಗುತ್ತದೆ. ಹಾಗಾದ್ರೆ? ಸಾಲ ಕೊಟ್ಟ ವ್ಯಾಪಾರಿ ನದಿ ತಿರುಗಿದ ಕೂಡಲೇ ಹೊರಟುಬಿಡುತ್ತಾನೆ. ಅಷ್ಟರೊಳಗೆ ಬಾಕಿ ತೀರಲೇಬೇಕು. ತೀರದಿದ್ದರೆ? ಸಾಲಗಾರನ ಮನೆಯ ಒಬ್ಬರು ಅವನ ಜೊತೆ ದೋಣಿ ಹತ್ತುತ್ತಾರೆ.

ಇಲ್ಲಿ ನನಗೆ ಮೈ ಜುಮ್ಮೆಂದಿತು. ಕತೆ ಸಿಕ್ಕಿತು ಅನ್ನುವುದಕ್ಕೆ ಅದೇ ಗುರುತು.

ಯುದ್ಧದ ವಿಷಯ ಕೇಳಿ. ಹರಿವಿನ ಶುರುವಿನಲ್ಲಿ ದಂಡೆತ್ತಿ ಬಂದ ಸೈನ್ಯ ಸೋತರೆ ಆರು ತಿಂಗಳು ವಾಪಸ್ ಹೋಗಲಾರದು. ಜಾಣ ಸೇನಾಪತಿ ಹರಿವು ಮುಗಿಯುವ ಕೊನೆಯ ವಾರದಲ್ಲಿ ಬಂದು ಹೊಡೆಯುತ್ತಾನೆ. ನೀರು ತಿರುಗಿದ ಕೂಡಲೇ ಅದರ ಜೊತೆಗೇ ಮನೆಗೆ ಹೋಗುತ್ತಾನೆ. ಹಾಗಾಗಿ ಆ ಕೊನೆಯ ವಾರ ದಂಡೆಯ ಊರುಗಳಲ್ಲಿ ಯಾರೂ ನಿದ್ದೆ ಮಾಡುವುದಿಲ್ಲ. ಇದರಲ್ಲಿ ಮಂತ್ರ ಇಲ್ಲ, ಡ್ರ್ಯಾಗನ್ ಇಲ್ಲ. ಆದರೂ ಲೋಕ ಬೇರೆಯೇ ಆಗಿಬಿಟ್ಟಿದೆ. ಮಂತ್ರ ಬೇಕೆಂದರೆ ತನ್ನಿ, ಅದಕ್ಕೂ ಇದೇ ಪ್ರಶ್ನೆ ಕೇಳಿ. ಮಂತ್ರದಿಂದ ಗಾಯ ಮಾಯುತ್ತದೆ ಅಂದರೆ, ಅದಕ್ಕೆ ತೆರಬೇಕಾದ ಬೆಲೆ ಏನು? ಬೆಲೆಯೇ ಇಲ್ಲದ ಮಂತ್ರ ಕತೆಯ ಕಷ್ಟಗಳನ್ನೆಲ್ಲ ಕರಗಿಸಿಬಿಡುತ್ತದೆ.

ಮೂರನೆಯದು: ನಕ್ಷೆ

ಇಂಗ್ಲಿಷ್ ಫ್ಯಾಂಟಸಿ ಕತೆಗಾರ ಟೋಲ್ಕಿನ್ ತಮ್ಮ ಒಂದು ಪತ್ರದಲ್ಲಿ, ಮೊದಲು ನಕ್ಷೆ ಮಾಡಿಕೊಂಡು ಕತೆಯನ್ನು ಅದಕ್ಕೆ ಹೊಂದಿಸಿದೆ ಎಂದು ಬರೆದಿದ್ದಾರೆ. ಅವರ ದೊಡ್ಡ ಕಾದಂಬರಿ 'ದ ಲಾರ್ಡ್ ಆಫ್ ದ ರಿಂಗ್ಸ್' 1954 ಮತ್ತು 1955ರಲ್ಲಿ ಮೂರು ಸಂಪುಟಗಳಲ್ಲಿ ಬಂತು. ಅದರಲ್ಲಿ ಯಾವ ರಾತ್ರಿ ಚಂದ್ರ ಎಷ್ಟಿದ್ದ ಅನ್ನುವುದನ್ನೂ ಲೆಕ್ಕ ಹಾಕಿ ಸರಿಪಡಿಸಿದ್ದರು. ಅಷ್ಟು ಶ್ರಮ ಎಲ್ಲರಿಗೂ ಬೇಕಿಲ್ಲ. ನಾಲ್ಕು ವಿಷಯ ಸರಿಯಿದ್ದರೆ ಸಾಕು.

ಉಪನದಿಗಳು ಬಂದು ಸೇರುತ್ತವೆ, ನದಿ ಸುಮ್ನೆ ಕವಲೊಡೆಯುವುದಿಲ್ಲ. ಕವಲೊಡೆಯುವುದು ಹೆಚ್ಚಾಗಿ ಸಮುದ್ರ ಸೇರುವ ಮುಖಜ ಭೂಮಿಯಲ್ಲಿ. ಬೆಟ್ಟದ ಸಾಲಿನ ಗಾಳಿ ಬರುವ ಬದಿಯಲ್ಲಿ ಮಳೆ ಜಾಸ್ತಿ, ಆಚೆ ಬದಿ ಒಣ. ಊರುಗಳು ನೀರಿರುವಲ್ಲಿ, ದಾರಿ ಕೂಡುವಲ್ಲಿ, ನದಿ ದಾಟಲು ಸುಲಭವಿರುವಲ್ಲಿ ಬೆಳೆಯುತ್ತವೆ. ಹೊರೆ ಹೊತ್ತು ನಡೆಯುವವರು ಒಳ್ಳೆಯ ದಾರಿಯಲ್ಲಿ ದಿನಕ್ಕೆ ಸುಮಾರು 25 ಕಿಲೋಮೀಟರ್ ಹೋಗಬಹುದು. ನಕ್ಷೆಯ ಮೂಲೆಯಲ್ಲಿ ಈ ಅಳತೆ ಬರೆದಿಡಿ. ಮೂರು ದಿನದ ದಾರಿಯನ್ನು ನಾಯಕಿ ಒಂದು ಸಂಜೆಯಲ್ಲಿ ಮುಗಿಸಿದರೆ ಓದುಗರು ಅಲ್ಲಿಗೇ ನಂಬಿಕೆ ಬಿಡುತ್ತಾರೆ.

ಈಗ ಮಾತು: ಮೊದಲು ಬೇಕಾದ್ದು ಸದ್ದು

ಕಲ್ಪಿತ ಭಾಷೆ ಅಂದ ಕೂಡಲೇ ಎಲ್ಲರೂ ಪದ ಹುಟ್ಟಿಸಲು ಹೊರಡುತ್ತಾರೆ. ಸ್ವಲ್ಪ ತಡೆಯಿರಿ. ಆ ಜನರ ಬಾಯಲ್ಲಿ ಯಾವ ಸದ್ದು ಹೊರಡುತ್ತದೆ, ಯಾವುದು ಹೊರಡುವುದೇ ಇಲ್ಲ ಅನ್ನುವುದು ಮೊದಲು ತೀರ್ಮಾನವಾಗಬೇಕು. ಹವಾಯಿ ಭಾಷೆಯಲ್ಲಿರುವುದು ಎಂಟೇ ವ್ಯಂಜನ. ಅದಕ್ಕೇ ಆ ಹೆಸರುಗಳು ಕಿವಿಗೆ ಬಿದ್ದ ಕೂಡಲೇ ಗುರುತು ಸಿಗುತ್ತವೆ. ಟೋಲ್ಕಿನ್ ತಮ್ಮ ಕತೆಯ ಎಲ್ಫ್ ಅನ್ನುವ ಜನಕ್ಕಾಗಿ ಕಟ್ಟಿದ ಒಂದು ಭಾಷೆಗೆ ಫಿನ್ನಿಶ್‌ನ ನಾದ ಸ್ಫೂರ್ತಿ, ಇನ್ನೊಂದಕ್ಕೆ ವೆಲ್ಶ್‌ನ ನಾದ. ಅವರು ಕಟ್ಟಿದ ಆ ಎರಡೂ ಒಂದೇ ಕುಟುಂಬದ ಭಾಷೆಗಳು, ಆದರೆ ಕೇಳಿದರೆ ಬೇರೆ ಬೇರೆ.

ನಮ್ಮ ನದಿಯ ಜನಕ್ಕೂ ಎಂಟು ವ್ಯಂಜನ ಕೊಡೋಣ: ಕ, ತ, ಸ, ಮ, ನ, ರ, ಲ, ವ. ಸ್ವರ ಮೂರು: ಅ, ಇ, ಉ. ಗ, ದ, ಬ ಇಲ್ಲವೇ ಇಲ್ಲ. ದೀರ್ಘವೂ ಇಲ್ಲ. ಪ್ರತಿ ಉಚ್ಚಾರದ ತುಂಡಿನ ಕೊನೆಗೆ ಏನೂ ಇರದೆ ಹೋಗಬಹುದು, ಅಥವಾ ನ್ ಇಲ್ಲವೇ ಲ್ ಬರಬಹುದು. ಲೆಕ್ಕ ಹಾಕಿ: 8 ವ್ಯಂಜನ, 3 ಸ್ವರ, 3 ಬಗೆಯ ಕೊನೆ, ಒಟ್ಟು 72 ತುಂಡು. ಎರಡು ತುಂಡು ಸೇರಿಸಿದರೆ 5,184 ಪದಗಳಿಗೆ ಜಾಗ. ಒಂದು ಕಾದಂಬರಿಗೆ ಇದು ಬೇಕಾದಷ್ಟಾಯಿತು.

ಸದ್ದಿಗೂ ಆಕಾರಕ್ಕೂ ನಂಟಿದೆ. 1929ರಲ್ಲಿ ಮನಶ್ಶಾಸ್ತ್ರಜ್ಞ ವೋಲ್ಫ್‌ಗಾಂಗ್ ಕೋಹ್ಲರ್ ಇದರ ಬಗ್ಗೆ ಬರೆದರು. ಅರ್ಥವಿಲ್ಲದ ಎರಡು ಪದ ಕೊಟ್ಟು ಎರಡು ಚಿತ್ರಗಳಿಗೆ ಹೊಂದಿಸಿ ಎಂದರೆ, ಜನ 'ಟಕೇಟೆ'ಯನ್ನು ಚೂಪು ಮೂಲೆಯ ಚಿತ್ರಕ್ಕೂ ಇನ್ನೊಂದು ಮೆತ್ತನೆಯ ಪದವನ್ನು ದುಂಡಗಿನ ಚಿತ್ರಕ್ಕೂ ಕೊಡುತ್ತಾರೆ. ಹಾಗಂತ ಕೆಟ್ಟವರಿಗೆಲ್ಲ ಒರಟು ಸದ್ದು, ಒಳ್ಳೆಯವರಿಗೆಲ್ಲ ಮೆದು ಸದ್ದು ಅಂತ ಹಂಚಬೇಡಿ. ಒಂದು ಇಡೀ ಜನಾಂಗವನ್ನು ಬಾಯಿ ತೆರೆಯುವ ಮೊದಲೇ ಕೆಟ್ಟದ್ದು ಅಂದಂತೆ ಆಗುತ್ತದೆ. ನನಗೆ ಅದು ಸರಿ ಕಾಣುವುದಿಲ್ಲ.

ಪದ: ಬದುಕಿಗೆ ಬೇಕಾದ್ದು ಮೊದಲು

ಮೊದಲ ಇಪ್ಪತ್ತು ಪದ ಆ ಜನರ ದಿನದ ಬದುಕಿನಿಂದ ಬರಲಿ. ಡೇವಿಡ್ ಪೀಟರ್ಸನ್ ಟಿವಿ ಸರಣಿಯೊಂದಕ್ಕೆ ಕಟ್ಟಿದ ಡೋಥ್ರಾಕಿ ಭಾಷೆ 2011ರಲ್ಲಿ ತೆರೆಗೆ ಬಂತು. ಅದನ್ನಾಡುವವರು ಕುದುರೆ ಸವಾರರು. ಅವರಲ್ಲಿ 'ಚೆನ್ನಾಗಿದ್ದೀಯಾ' ಅನ್ನುವುದಕ್ಕೆ 'ಚೆನ್ನಾಗಿ ಸವಾರಿ ಮಾಡ್ತಿದ್ದೀಯಾ' ಅಂತ ಕೇಳುತ್ತಾರೆ. 'ಥ್ಯಾಂಕ್ಸ್' ಅನ್ನುವ ಪದವೇ ಇಲ್ಲ. ಪಾಲ್ ಫ್ರೊಮರ್ 2009ರ ಸಿನಿಮಾಗೆ ಮಾಡಿದ ನಾವಿ ಭಾಷೆಯಲ್ಲಿ ಎಣಿಕೆ ಎಂಟರ ಲೆಕ್ಕದಲ್ಲಿ ನಡೆಯುತ್ತದೆ. ಯಾಕೆಂದರೆ ಆ ಜನರ ಒಂದೊಂದು ಕೈಗೆ ನಾಲ್ಕೇ ಬೆರಳು.

ನಮ್ಮ ನದಿಯವರಿಗೆ: ನದಿ 'ಲುನ', ಸಮುದ್ರ 'ವಲು'. ಸರೋವರಕ್ಕೆ ನಾನು ಮೊದಲು 'ಮಸಿ' ಅಂತ ಬರೆದಿದ್ದೆ. ಓದುವವರಿಗೆ ಹಂಚಿನ ಕರಿ ನೆನಪಾಗುತ್ತದೆ, ಹಾಗಾಗಿ ತೆಗೆದು 'ರಿಮ' ಮಾಡಿದೆ. ಹುಟ್ಟಿಸಿದ ಪ್ರತಿ ಪದವನ್ನೂ ಹೀಗೆ ನಿಮ್ಮ ಓದುಗರ ಕಿವಿಯಲ್ಲಿ ಕೇಳಿ ನೋಡಲೇಬೇಕು. '-ತಿ' ಅಂದರೆ 'ಕಡೆಗೆ'. 'ರಿಮತಿ' ಸರೋವರದ ಕಡೆಗೆ, 'ವಲುತಿ' ಸಮುದ್ರದ ಕಡೆಗೆ. ಎಡ-ಬಲ ಅನ್ನುವ ಪದಗಳೇ ಅವರಿಗೆ ಬೇಡ. "ನಿನ್ನ ರಿಮತಿ ಕಿವಿಯ ಮೇಲೆ ನೊಣ ಕೂತಿದೆ" ಅನ್ನುತ್ತಾರೆ. ಇದು ಅತಿಯಾಯಿತು ಅನಿಸಿತೇ? ಆಸ್ಟ್ರೇಲಿಯಾದ ಗೂಗು ಯಿಮಿಥಿರ್ ಭಾಷೆಯವರು ನಿಜವಾಗಿಯೂ ಎಡ-ಬಲದ ಬದಲು ದಿಕ್ಕು ಹೇಳಿ ಮಾತಾಡುತ್ತಾರೆ. ಕಾಂಗರೂ ಅನ್ನುವ ಪದ ಜಗತ್ತಿಗೆ ಬಂದದ್ದೂ ಅವರಿಂದಲೇ.

ಇನ್ನೊಂದು ಪದ, 'ನುಸ': ನೀರು ತಿರುಗುವುದು. ಸಾಲ ತೀರುವುದಕ್ಕೂ ಅದೇ ಪದ. ಎರಡು ಅರ್ಥಕ್ಕೆ ಒಂದೇ ಪದ ಕೊಟ್ಟಾಗ ಆ ಜನರ ಇಡೀ ಬದುಕು ಅದರಲ್ಲಿ ಬಂದು ಕೂರುತ್ತದೆ.

ವ್ಯಾಕರಣ: ಇಲ್ಲಿ ಕನ್ನಡವೇ ಗುರು

ಹೆಚ್ಚಿನವರು ಈ ಹಂತದಲ್ಲಿ ಹೆದರುತ್ತಾರೆ. ಹೆದರಬೇಕಿಲ್ಲ. ನಾವು ದಿನವೂ ಆಡುವ ಮಾತನ್ನೇ ಹತ್ತಿರದಿಂದ ನೋಡಿ. 'ಅವನು ಬಂದ' ಅಂದರೆ ನಾನು ಹೇಳುತ್ತಿದ್ದೇನೆ, ನಂಬಿ ಅಂತ. 'ಅವನು ಬಂದನಂತೆ' ಅಂದರೆ ಯಾರೋ ಹೇಳಿದ್ದು, ನಾನು ಜವಾಬ್ದಾರನಲ್ಲ ಅಂತ. ಒಂದು 'ಅಂತೆ' ಎಷ್ಟು ಕೆಲಸ ಮಾಡುತ್ತದೆ ನೋಡಿ! ಅದೇ ತೆಲುಗಿನಲ್ಲಿ 'ಮನಂ' ಅಂದರೆ ಕೇಳುವ ನೀನೂ ಸೇರಿ ನಾವು, 'ಮೇಮು' ಅಂದರೆ ನಿನ್ನನ್ನು ಬಿಟ್ಟು ನಾವು. ನಮ್ಮ 'ನಾವು' ಎರಡಕ್ಕೂ ಒಂದೇ. 'ನಿನ್ನನ್ನು ಬಿಟ್ಟು' ಅಂತ ಒಂದೇ ಪದದಲ್ಲಿ ಹೇಳಬಲ್ಲ ಪಾತ್ರ, ಪ್ರೀತಿಯ ಕತೆಯಲ್ಲಿ ಎಷ್ಟು ನೋವು ಕೊಡಬಲ್ಲದು ಯೋಚಿಸಿ.

ಪದಗಳ ಸರದಿಯನ್ನೂ ಬದಲಿಸಬಹುದು. ಮಾರ್ಕ್ ಓಕ್ರಾಂಡ್ 'ಸ್ಟಾರ್ ಟ್ರೆಕ್' ಸಿನಿಮಾಗಳಿಗೆ ಕ್ಲಿಂಗಾನ್ ಭಾಷೆ ಕಟ್ಟಿದಾಗ ಕರ್ಮ ಮೊದಲು, ಆಮೇಲೆ ಕ್ರಿಯೆ, ಕೊನೆಗೆ ಕರ್ತೃ ಬರುವಂತೆ ಮಾಡಿದರು: 'ಹಾಲನ್ನು ಕುಡಿಯಿತು ಬೆಕ್ಕು'. ಲೋಕದ ಭಾಷೆಗಳಲ್ಲಿ ಈ ಸರದಿ ತೀರಾ ಅಪರೂಪ. ಬೇರೆ ಗ್ರಹದವರ ಮಾತು ಬೇರೆಯಾಗೇ ಕೇಳಲಿ ಅಂತಲೇ ಅವರು ಹಾಗೆ ಮಾಡಿದ್ದು. ಅದರ ನಿಘಂಟು 1985ರಲ್ಲಿ ಅಚ್ಚಾಯಿತು.

ಎಲ್ಲ ನಿಯಮ ಬದಲಿಸಬೇಡಿ. ನಿಮ್ಮ ಲೋಕದ ಬೇರಿನಿಂದ ಬಂದ ಒಂದು ನಿಯಮ ಸಾಕು. ನದಿಯವರ ಭೂತಕಾಲ ಎರಡು ಬಗೆ. 'ಕನಿ' ಅಂದರೆ ಬರುವುದು. 'ಕನಿಲ' ಅಂದರೆ ಈ ಹರಿವಿನಲ್ಲೇ ಬಂದ. 'ಕನಿವ' ಅಂದರೆ ಹಿಂದಿನ ಯಾವುದೋ ಹರಿವಿನಲ್ಲಿ ಬಂದ. ಈಗ ಇದನ್ನು ಕತೆಯೊಳಗೆ ಇಡೋಣ.

"ನನ್ನ ತಮ್ಮ ಬಂದನಾ ಅಣ್ಣಾ?" ಕಟ್ಟೆಯ ಮೇಲೆ ಕೂತವಳು ಕೇಳಿದಳು. ದೋಣಿಯವನು ಹಗ್ಗ ಬಿಗಿಯುತ್ತಾ, ತಲೆ ಎತ್ತದೆ, "ಕನಿವ" ಅಂದ. ಕನಿಲ ಅನ್ನಲಿಲ್ಲ. ಅವಳು ಬುಟ್ಟಿ ಎತ್ತಿಕೊಂಡು ಎದ್ದಳು.

ಇದಕ್ಕೆ ಮೊದಲು ಎರಡು ಕಡೆ ಆ ಎರಡು ರೂಪಗಳನ್ನು ಸಹಜವಾಗಿ ತಂದಿದ್ದರೆ, ಇಲ್ಲಿ ವಿವರಣೆಯೇ ಬೇಡ.

ಭಾಷೆಗೆ ವಯಸ್ಸು ಕೊಡಿ

ನನಗೆ ತುಂಬ ಇಷ್ಟದ ಹಂತ ಇದು. ಹಳಗನ್ನಡದ 'ಪಾಲ್' ಇಂದು 'ಹಾಲು'. 'ಪುಲಿ' ಹುಲಿಯಾಯಿತು, 'ಪೆಸರ್' ಹೆಸರಾಯಿತು. ಒಂದೊಂದು ಪದ ತನಗೆ ತೋಚಿದಂತೆ ಬದಲಾಗಲಿಲ್ಲ. ಪದದ ಶುರುವಿನ 'ಪ' ಸಾಲುಸಾಲಾಗಿ 'ಹ' ಆಯಿತು. ನಿಜವಾದ ಭಾಷೆಗಳು ಹೀಗೆ ಹಳೆಯದಾಗುತ್ತವೆ. ನೀವೂ ಒಂದೆರಡು ನಿಯಮ ಮಾಡಿ, ಎಲ್ಲ ಪದಗಳ ಮೇಲೂ ಹಾಯಿಸಿ.

ಸರೋವರದ ದಂಡೆಯ ಒಂದು ಊರಿಗೆ 'ರಿಮಲುನ' ಅಂತ ಹೆಸರಿತ್ತು ಅಂದುಕೊಳ್ಳಿ. ಬೇಗ ಬೇಗ ಹೇಳುತ್ತಾ ನಡುವಿನ ಸ್ವರ ಬಿದ್ದುಹೋಯಿತು: 'ರಿಮ್ಲುನ'. ಆದರೆ ಈ ಭಾಷೆಯಲ್ಲಿ ತುಂಡಿನ ಕೊನೆಗೆ ಮ್ ನಿಲ್ಲುವುದಿಲ್ಲ. ಅದು ಪಕ್ಕದ ಲ ಜೊತೆ ಸೇರಿಹೋಗಿ 'ರಿಲ್ಲುನ' ಆಯಿತು. ಹಳೆಯ 'ಇರ್ದಂ' ನಮ್ಮ ಬಾಯಲ್ಲಿ 'ಇದ್ದ' ಆದ ಹಾಗೆ. ಈಗ ಆ ಊರಿನವರಿಗೇ ತಮ್ಮ ಊರ ಹೆಸರಿನ ಅರ್ಥ ಗೊತ್ತಿಲ್ಲ. ಒಬ್ಬ ಮುದುಕಿಗೆ ಮಾತ್ರ ಗೊತ್ತು.

ಇನ್ನೊಂದು ನಿಯಮ: ಕರಾವಳಿಯವರ ಬಾಯಲ್ಲಿ 'ತಿ' ಎಲ್ಲ 'ಸಿ' ಆಯಿತು. ಫಿನ್ನಿಶ್‌ನಲ್ಲೂ ಇಂಥದ್ದು ನಡೆದಿದೆ. ಒಳನಾಡಿನವರು 'ರಿಮತಿ' ಅಂದರೆ ಕರಾವಳಿಯವರು 'ರಿಮಸಿ' ಅನ್ನುತ್ತಾರೆ. ವೇಷ ಮರೆಸಿ ಬಂದ ಗೂಢಚಾರ ದಾರಿ ಕೇಳುವಾಗ ಸಿಕ್ಕಿಬೀಳಲು ಇಷ್ಟು ಸಾಕು. ಬೈಬಲ್ಲಿನ ಹಳೆಯ ಒಡಂಬಡಿಕೆಯಲ್ಲಿ 'ಶಿಬ್ಬೋಲೆತ್' ಅನ್ನಲು ಬಾರದೆ 'ಸಿಬ್ಬೋಲೆತ್' ಅಂದವರನ್ನು ನದಿ ದಾಟುವ ಕಡೆ ಹಿಡಿದು ಕೊಂದ ಪ್ರಸಂಗ ಇದೆ.

ಲಿಪಿ ಬೇಕೆನಿಸಿದರೆ, ಅವರು ಯಾವುದರ ಮೇಲೆ ಯಾವುದರಿಂದ ಬರೆಯುತ್ತಾರೆ ಅಂತ ಮೊದಲು ಕೇಳಿ. ಮರದಲ್ಲಿ ಕೆತ್ತುವ ಅಕ್ಷರಕ್ಕೆ ನೇರ ಗೆರೆ ಸುಲಭ, ತಾಳೆಗರಿಯ ಮೇಲೆ ಕೊರೆಯುವ ಅಕ್ಷರಕ್ಕೆ ದುಂಡು ಸುಲಭ. ಉಳಿದದ್ದು ಕೈಯೇ ಹೇಳಿಕೊಡುತ್ತದೆ.

ಪುಟಕ್ಕೆ ತರುವಾಗ

ಒಂದು ಅಧ್ಯಾಯಕ್ಕೆ ಎರಡೋ ಮೂರೋ ಹೊಸ ಪದ ಸಾಕು. ಅರ್ಥವನ್ನು ಸುತ್ತಲಿನ ಕೆಲಸ ಹೇಳಲಿ: "ಲುನ ಉಕ್ಕುತ್ತಿತ್ತು, ದೋಣಿಗಳನ್ನು ಮೇಲಕ್ಕೆ ಎಳೆದರು" ಅಂದರೆ ಲುನ ಏನೆಂದು ಮಗುವಿಗೂ ತಿಳಿಯುತ್ತದೆ. ನೀವು ಕಟ್ಟಿದ್ದರಲ್ಲಿ ಹೆಚ್ಚಿನದು ಪುಟದ ಮೇಲೆ ಬರುವುದೇ ಇಲ್ಲ. ಅದಕ್ಕೆ ಬೇಸರ ಬೇಡ. ದೋಣಿಯವನು 'ಕನಿವ' ಅಂದು ಸುಮ್ಮನಾಗಬಲ್ಲ ಅಂದರೆ, ಅದು ಆ ಕಾಣದ ಕೆಲಸದ ಬಲದಿಂದ. ಪದಗಳನ್ನೂ ನಿಯಮಗಳನ್ನೂ ಒಂದೇ ಪುಸ್ತಕದಲ್ಲಿ ಬರೆದಿಡಿ. ನಾಲ್ಕು ತಿಂಗಳಾದ ಮೇಲೆ ನಿಮಗೇ ಮರೆತಿರುತ್ತದೆ.

ಕೊನೆಗೆ, ಬರೆದದ್ದನ್ನು ಯಾರಿಗಾದರೂ ಗಟ್ಟಿಯಾಗಿ ಓದಿ ಹೇಳಿ. ಅವರ ಕೈಗೆ ಕಾಗದ ಕೊಡಬೇಡಿ. ಎರಡು ದಿನ ಬಿಟ್ಟು ಕತೆಯಲ್ಲಿ ಯಾರ್ಯಾರಿದ್ದರು, ಯಾವ್ಯಾವ ಊರಿತ್ತು ಅಂತ ಕೇಳಿ. ಅವರಿಗೆ ನೆನಪಾಗದ ಹೆಸರುಗಳನ್ನು ಬದಲಿಸಿ. ಅವರು ತಪ್ಪಾಗಿ, ಆದರೆ ಬಾಯಿಗೆ ಹಿತವಾಗಿ ಹೇಳಿದ ಹೆಸರು ಇದ್ದರೆ ಅದನ್ನು ಬರೆದಿಟ್ಟುಕೊಳ್ಳಿ. 'ರಿಲ್ಲುನ' ನನಗೆ ಸಿಕ್ಕಿದ್ದು ಹಾಗೆ. ನಿಯಮ ಆಮೇಲೆ ಹೊಳೆಯಿತು.