ಪೇರೆಂಟ್ಸ್ ಮೀಟಿಂಗನ್ನು ಸಂಜೆಗೆ ಇಟ್ಟ ಮೇಲೆ

ನಾನು ಉಡುಪಿ ತಾಲೂಕಿನ ಒಂದು ಹಳ್ಳಿಯ ಸರ್ಕಾರಿ ಹೈಸ್ಕೂಲಲ್ಲಿ ಗಣಿತ ಕಲಿಸ್ತೇನೆ. ನಮ್ಮಲ್ಲಿಗೆ ಬರುವ ಮಕ್ಕಳು ಮಲ್ಪೆ ಬಂದರದಿಂದ ಮೀನು ಹಿಡಿಯುವ ಬೋಟಿಗೆ ಹೋಗುವವರ, ಮೀನು ಮಾರುವವರ, ಬೀಡಿ ಕಟ್ಟುವವರ ಮಕ್ಕಳು, ಮತ್ತೆ ಕೊಪ್ಪಳ ಬಾಗಲಕೋಟೆ ಗದಗ ಕಡೆಯಿಂದ ಕಟ್ಟಡ ಕೆಲಸಕ್ಕೆ ಬಂದು ಇಲ್ಲೇ ಬಾಡಿಗೆ ಮನೆ ಮಾಡಿಕೊಂಡವರ ಮಕ್ಕಳು. 2025ರ ಸೆಕೆಂಡ್ ಪಿಯುಸಿ ರಿಸಲ್ಟಲ್ಲಿ ಉಡುಪಿ 93.90% ಬಂದು ರಾಜ್ಯಕ್ಕೆ ಫಸ್ಟ್, ದಕ್ಷಿಣ ಕನ್ನಡ 93.57% ಬಂದು ಸೆಕೆಂಡ್. ಎಲ್ಲರಿಗೂ ಖುಷಿ, ನನಗೂ ಖುಷಿಯೇ. ಆದ್ರೆ ಆ ಪರೀಕ್ಷೆವರೆಗೆ ಯಾರು ಮುಟ್ಟಿದ್ರು, ಟೆಂತಿಗೇ ನಿಲ್ಲಿಸಿ ಯಾರು ಕೆಲಸಕ್ಕೆ ಹೋದ್ರು, ಸಾಯನ್ಸ್ ತಗೊಳ್ಳುವ ಶಕ್ತಿ ಇದ್ದೂ ಯಾರು ಕೇಳ್ಲಿಕ್ಕೆ ಹೆದರಿ ಬಿಟ್ರು ಅಂತ ಆ ಪರ್ಸೆಂಟೇಜಲ್ಲಿ ಕಾಣುದಿಲ್ಲ. ನನ್ನ ಕೆಲಸ ಇರುದು ಆ ಕಾಣದ ಮಕ್ಕಳ ಜೊತೆ.

ಸ್ಟಾಫ್‌ರೂಮಲ್ಲಿ ವರ್ಷವರ್ಷ ಕೇಳುವ ಮಾತು ಒಂದುಂಟು, "ಆ ಪೇರೆಂಟ್ಸಿಗೆ ಇಂಟರೆಸ್ಟೇ ಇಲ್ಲ, ಮೀಟಿಂಗಿಗೂ ಬರುದಿಲ್ಲ." ನಾನು ಇದನ್ನು ಒಪ್ಪುದಿಲ್ಲ. ಮೀಟಿಂಗ್ ಇಡುದು ಕೆಲಸದ ದಿನ ಬೆಳಿಗ್ಗೆ 11 ಗಂಟೆಗೆ. ಆ ಹೊತ್ತಿಗೆ ಮೀನು ಮಾರುವ ಅಮ್ಮ ಎಲ್ಲಿರ್ತಾರೆ? ಬೆಳಕು ಹರಿಯುವ ಮೊದಲೇ ಬಂದರಕ್ಕೆ ಹೋಗಿ ಏಲಂನಲ್ಲಿ ಮೀನು ತಗೊಂಡು, ಮಾರ್ಕೆಟಲ್ಲೋ ಮನೆಮನೆಗೋ ಹೋಗಿ ಮಾರ್ತಾ ಇರ್ತಾರೆ. ಸೆಂಟ್ರಿಂಗ್ ಕೆಲಸದವರಿಗೆ ಅರ್ಧ ದಿನ ಬಿಟ್ರೆ ಕೂಲಿ ಹೋಯ್ತು. ಬೀಡಿ ಕಟ್ಟುವವರು ಕಟ್ಟಿದ ಬೀಡಿಯನ್ನು ಬೀಡಿ ಕಂಪನಿಯ ಬ್ರಾಂಚಿಗೆ ಟೈಮಿಗೆ ಕೊಡ್ಲೇಬೇಕು. 11 ಗಂಟೆಗೆ ಬಿಡುವಿರುದು ಆಫೀಸಲ್ಲಿ ರಜೆ ಹಾಕಿದ್ರೂ ಸಂಬಳ ಬರುವವರಿಗೆ ಮಾತ್ರ, ಅಂಥವರ ಮಕ್ಕಳು ನಮ್ಮಲ್ಲಿ ಇಲ್ವೇ ಇಲ್ಲ. ಹಾಗಾಗಿ ಹೆಡ್‌ಮಾಸ್ಟ್ರ ಹತ್ರ ಕೇಳಿ ನನ್ನ ಕ್ಲಾಸಿನ ಮೀಟಿಂಗನ್ನು ಸಂಜೆ 6ಕ್ಕೆ ಹಾಕಿದೆ, ಅದೂ ಜೂನ್ ಜುಲೈಯಲ್ಲಿ, ಯಾಕಂದ್ರೆ ಆ 61 ದಿನ ಟ್ರಾಲಿಂಗ್, ಅಂದ್ರೆ ಯಾಂತ್ರಿಕ ಬೋಟಲ್ಲಿ ಬಲೆ ಎಳೆದು ಮೀನು ಹಿಡಿಯುದು, ನಿಷೇಧ, ಬೋಟಿಗೆ ಹೋಗುವ ಅಪ್ಪಂದಿರು ಮನೆಯಲ್ಲೇ ಸಿಗ್ತಾರೆ. ಮಳೆ ಜೋರಿತ್ತು, ಆದ್ರೂ ಬೆಂಚು ಸಾಲದೆ ಕೆಲವರು ಜಗಲಿಯಲ್ಲಿ ನಿಂತು ಕೇಳಿದ್ರು.

ಅವರು ಕೇಳಿದ್ದು ಮಾರ್ಕಿನ ವಿಷಯ ಅಲ್ಲ. "ಟೀಚರ್, ಇವ್ಳು ಟೆಂತ್ ಆದ್ಮೇಲೆ ಎಂತ ಮಾಡ್ಬಹುದು? ನಮಗೆ ಕೇಳ್ಲಿಕ್ಕೆ ಯಾರೂ ಇಲ್ಲ." ಒಬ್ಬರಾದ ಮೇಲೆ ಒಬ್ಬರು ಇದನ್ನೇ ಬೇರೆ ಬೇರೆ ರೀತಿಯಲ್ಲಿ ಕೇಳಿದ್ರು. ನನ್ನ ಮಗಳು ಎಂಟನೇ ಕ್ಲಾಸಲ್ಲಿರುವಾಗಲೇ ಪಿಸಿಎಂಬಿ, ಸಿಇಟಿ, ಕೌನ್ಸೆಲಿಂಗ್ ಅಂತೆಲ್ಲ ಊಟಕ್ಕೆ ಕೂತಲ್ಲೇ ಕೇಳಿ ಬೆಳೆದವಳು. ಯಾರೂ ಕೂತು ಪಾಠ ಮಾಡಿದ್ದಲ್ಲ, ನಾನು ನನ್ನ ಗಂಡ ಮಾತಾಡುವಾಗ, ಮಾವ ಬೆಂಗಳೂರಿಂದ ಬಂದಾಗ, ಹಾಗೇ ಕಿವಿಗೆ ಬಿದ್ದದ್ದು. ನನ್ನ ಕ್ಲಾಸಿನ ಎಷ್ಟೋ ಮಕ್ಕಳ ನೆಂಟರಲ್ಲಿ ಪಿಯುಸಿ ಮುಟ್ಟಿದವರೇ ಇಲ್ಲ. ಬಡವರ ಮಕ್ಕಳಿಗೆ ದುಡ್ಡಿನ ಕಷ್ಟ ಮಾತ್ರ ಅಂತ ಹೊರಗಿನವರು ತಿಳ್ಕೊಳ್ತಾರೆ. ದುಡ್ಡಿನ ಕಷ್ಟ ಉಂಟು, ಖಂಡಿತ ಉಂಟು, ಆದ್ರೆ ದಾರಿ ಗೊತ್ತಿರುವ ಒಬ್ಬ ಮನುಷ್ಯ ಮನೆ ಹತ್ರ ಇಲ್ಲದಿರುದು ಅದಕ್ಕಿಂತ ದೊಡ್ಡ ಕಷ್ಟ ಅಂತ ನನಗೆ ಕಂಡದ್ದು. ಆ ಮನುಷ್ಯ ಟೀಚರೇ ಆಗ್ಬಹುದಲ್ವಾ ಅಂತ ಶುರು ಮಾಡಿದ್ದು ನಾನು.

ಇದು ನನಗೆ ಪುಸ್ತಕದಿಂದ ಹೊಳೆದದ್ದಲ್ಲ. ನಮ್ಮಜ್ಜ ಗೇಣಿ ಒಕ್ಕಲು, ಬೆಳೆದದ್ದರಲ್ಲಿ ದೊಡ್ಡ ಪಾಲು ಧಣಿಗಳ ಮನೆಗೆ. 1974ರ ಭೂಸುಧಾರಣೆಯಲ್ಲಿ ಉಳುವವನಿಗೇ ಭೂಮಿ ಅಂತ ಆದಾಗ ಡಿಕ್ಲರೇಶನ್ ಅರ್ಜಿ ಕೊಟ್ಟು ಗದ್ದೆ ನಮ್ಮ ಹೆಸರಿಗೆ ಆಯ್ತು, ಅದರ ನಂತರವೇ ನಮ್ಮ ಮನೆಯಲ್ಲಿ ಮಕ್ಕಳನ್ನು ಹೈಸ್ಕೂಲಿಗೆ ಕಳಿಸುವ ಧೈರ್ಯ ಬಂದದ್ದು. ಕರಾವಳಿಯಲ್ಲಿ ಇಂಥ ಮನೆಗಳು ಎಷ್ಟೋ ಉಂಟು. ನನ್ನ ಕಾಲೇಜ್ ಫೀಸಿಗೆ ಅಮ್ಮನ ಬೀಡಿ ದುಡ್ಡು ಇತ್ತು. ಆದ್ರೆ ಗದ್ದೆಯೂ ಬೀಡಿಯೂ ಇದ್ದು ಚಿಕ್ಕಪ್ಪ ಇಲ್ಲದಿದ್ರೆ ನಾನು ಟೀಚರ್ ಆಗ್ತಿರ್ಲಿಲ್ಲ. ಅವರು ಮುಂಬೈಯಲ್ಲಿ ಹಗಲು ಹೋಟೆಲಲ್ಲಿ ದುಡಿದು ಕನ್ನಡ ರಾತ್ರಿಶಾಲೆಯಲ್ಲಿ ಓದಿದವರು. ಇವಳನ್ನು ಪಿಯುಸಿಗೆ ಸಾಯನ್ಸಿಗೆ ಹಾಕಿ, ಆಮೇಲೆ ಬಿಎಸ್ಸಿ, ಆಮೇಲೆ ಬಿಎಡ್ ಅಂತ ಇನ್‌ಲ್ಯಾಂಡ್ ಲೆಟರಲ್ಲಿ ಒಂದೊಂದಾಗಿ ಬರೆದು ಕಳಿಸ್ತಿದ್ರು, ಅಪ್ಪ ಅದನ್ನು ಹಾಗೇ ಮಾಡ್ತಿದ್ರು.

ಶಾಲೆಯಲ್ಲಿ ನಾನು ಮೊದಲು ಹಿಡಿದದ್ದು ಎನ್‌ಎಂಎಂಎಸ್ ಪರೀಕ್ಷೆ, ಬಡ ಮನೆಯ ಮಕ್ಕಳಿಗೆ ಕೇಂದ್ರ ಸರ್ಕಾರ ಕೊಡುವ ಸ್ಕಾಲರ್‌ಶಿಪ್ಪಿನದ್ದು. ಸರ್ಕಾರಿ, ಅನುದಾನಿತ ಶಾಲೆಯ ಎಂಟನೇ ಕ್ಲಾಸಿನ ಮಕ್ಕಳು ಬರೆಯುವಂಥದ್ದು. ಏಳನೇಯಲ್ಲಿ 55% ಇರ್ಬೇಕು, ಎಸ್‌ಸಿ ಎಸ್‌ಟಿ ಮಕ್ಕಳಿಗೆ 5% ಕಡಿಮೆ ಇದ್ರೂ ಆಗ್ತದೆ, ಮನೆಯ ವರ್ಷದ ಆದಾಯ ಮೂರೂವರೆ ಲಕ್ಷದ ಒಳಗಿರ್ಬೇಕು. ಆಯ್ಕೆ ಆದ್ರೆ ಒಂಬತ್ತರಿಂದ ಸೆಕೆಂಡ್ ಪಿಯುಸಿವರೆಗೆ ವರ್ಷಕ್ಕೆ 12,000 ರೂಪಾಯಿ. ಮಕ್ಕಳಿಗೆ ಕಷ್ಟ ಆಗುದು ಮ್ಯಾಟ್, ಅಂದ್ರೆ ಬುದ್ಧಿಶಕ್ತಿ ನೋಡುವ ಭಾಗ, ಸಂಖ್ಯೆ ಸರಣಿ, ದಿಕ್ಕು, ಕೋಡಿಂಗ್ ಅಂಥ ಪ್ರಶ್ನೆಗಳು, ಪಾಠಪುಸ್ತಕದಲ್ಲಿ ಇದು ಇರುದಿಲ್ಲ. ಪೇಟೆಯ ಮಕ್ಕಳು ಟ್ಯೂಷನಲ್ಲೋ ಅಬ್ಯಾಕಸ್ ಕ್ಲಾಸಲ್ಲೋ ಇಂಥದ್ದನ್ನು ಸಣ್ಣದರಿಂದ ನೋಡಿರ್ತಾರೆ, ನಮ್ಮ ಮಕ್ಕಳು ಪರೀಕ್ಷೆ ಹಾಲಲ್ಲೇ ಮೊದಲ ಸಲ ನೋಡುದು. ಹಾಗಾಗಿ ಸಂಜೆ ಶಾಲೆ ಬಿಟ್ಟ ಮೇಲೆ ಹಳೇ ಪ್ರಶ್ನೆಪತ್ರಿಕೆ ಹಿಡ್ಕೊಂಡು ಕೂರ್ತೇವೆ. ಒಂದು ಮಾತು ಮನೆಯವರಿಗೆ ಮೊದಲೇ ಹೇಳಿಡ್ತೇನೆ, ಈ ಸ್ಕಾಲರ್‌ಶಿಪ್ ಸಿಕ್ಕಿದವರು ಪಿಯುಸಿಗೆ ಖಾಸಗಿ ಕಾಲೇಜಿಗೆ ಹೋದ್ರೆ ನಿಲ್ತದೆ, ಸರ್ಕಾರಿ ಅಥವಾ ಅನುದಾನಿತದಲ್ಲೇ ಓದ್ಬೇಕು.

ಆಮೇಲೆ ಕಾಗದಪತ್ರ. ಮಾರಾಯ್ರೆ, ಪಾಠಕ್ಕಿಂತ ಹೆಚ್ಚು ಹೊತ್ತು ಇದಕ್ಕೇ ಹೋಗುದು. ಆಧಾರಲ್ಲಿ ಒಂದು ಹೆಸರು, ಶಾಲೆ ದಾಖಲೆಯಲ್ಲಿ ಇನಿಶಿಯಲ್ ಬೇರೆ, ಬ್ಯಾಂಕ್ ಪಾಸ್‌ಬುಕ್ಕಲ್ಲಿ ಮತ್ತೊಂದು. ರಾಜ್ಯ ಸರ್ಕಾರದ ಸ್ಕಾಲರ್‌ಶಿಪ್ಪಿಗೆ ಎಸ್‌ಎಸ್‌ಪಿ ಪೋರ್ಟಲಲ್ಲಿ ಅರ್ಜಿ ಹಾಕ್ಲಿಕ್ಕೆ ಜಾತಿ ಆದಾಯ ಪ್ರಮಾಣಪತ್ರದ ಮೇಲಿರುವ ಆರ್‌ಡಿ ನಂಬರ್ ಬೇಕು, ದುಡ್ಡು ಬರ್ಲಿಕ್ಕೆ ಅಕೌಂಟಿಗೆ ಆಧಾರ್ ಸೀಡಿಂಗ್, ಅಂದ್ರೆ ಆಧಾರ್ ಜೋಡಣೆ, ಆಗಿರ್ಬೇಕು. ಪಾಸ್‌ಬುಕ್ ಉಂಟು ಅಂದ್ರೆ ಸೀಡಿಂಗ್ ಆಗಿದೆ ಅಂತ ಅರ್ಥ ಅಲ್ಲ, ಬ್ಯಾಂಕಿಗೆ ಹೋಗಿ ಕೇಳಿಯೇ ಗೊತ್ತಾಗ್ಬೇಕು. ಬಯಲುಸೀಮೆಯಿಂದ ಬಂದವರಿಗೆ ಜಾತಿ ಪ್ರಮಾಣಪತ್ರ ಅವರ ಊರಿನ ನಾಡಕಚೇರಿಯಲ್ಲೇ ಆಗ್ಬೇಕು, ಅವರು ಊರಿಗೆ ಹೋಗುದು ಜಾತ್ರೆಗೋ ಯುಗಾದಿಗೋ ಮಾತ್ರ. ಹಾಗಾಗಿ ಹೊರಡುವ ಮೊದಲೇ ಎಂತೆಲ್ಲ ಕಾಗದ ಬೇಕು ಅಂತ ಚೀಟಿ ಬರೆದು ಕೊಡ್ತೇನೆ, ಅಪ್ಪನ ಮೊಬೈಲಲ್ಲಿ ಅದರ ಫೋಟೋ ತೆಗೆಸಿ ಇಡ್ತೇನೆ. ಅಪ್ಪ ಕಟ್ಟಡ ಕಾರ್ಮಿಕ ಕಾರ್ಡ್ ಮಾಡಿಸಿದ್ರೆ ಮಕ್ಕಳಿಗೆ ಕಲ್ಯಾಣ ಮಂಡಳಿಯಿಂದ ಶೈಕ್ಷಣಿಕ ಸಹಾಯಧನ ಉಂಟು, ಬೀಡಿ ಕಾರ್ಮಿಕರ ಮಕ್ಕಳಿಗೆ ಕೇಂದ್ರದ ಸ್ಕಾಲರ್‌ಶಿಪ್ ಬೇರೆ ಉಂಟು. ಇದೆಲ್ಲ ಅವರ ಹಕ್ಕು, ಆದ್ರೆ ಹೇಳುವವರಿಲ್ಲದೆ ಬಿಟ್ಟು ಹೋಗ್ತದೆ.

ಮನೆಯಲ್ಲಿ ಅಮ್ಮ ಎಂತ ಮಾಡ್ಬಹುದು ಅಂತ ನಾನು ತುಂಬ ಯೋಚನೆ ಮಾಡಿದ್ದೇನೆ. "ಟೀಚರ್, ನಾನು ಓದಿದ್ದು ನಾಲ್ಕನೇ ಕ್ಲಾಸ್, ಅವನ ಪುಸ್ತಕ ನನಗೆ ಎಲ್ಲಿ ಅರ್ಥ ಆಗ್ಬೇಕು" ಅಂದ್ರು ಒಬ್ಬರು. ಅರ್ಥ ಆಗುದು ಬೇಡ ಅಕ್ಕ, ನೀವು ಬೀಡಿ ಕಟ್ತಾ ಕೂತಿರುವಾಗ ಅವನು ಪಕ್ಕದಲ್ಲಿ ಕೂತು ಇವತ್ತು ಕಲಿತದ್ದನ್ನು ನಿಮಗೆ ತುಳುವಲ್ಲೇ ಹೇಳ್ಲಿ, ನಿಮಗೆ ಗೊತ್ತಾಗದ ಕಡೆ "ಅದು ಹೇಗೆ, ಇನ್ನೊಮ್ಮೆ ಹೇಳು" ಅಂತ ನಿಲ್ಲಿಸಿ, ಅಷ್ಟು ಸಾಕು ಅಂದೆ. ಇದು ನಿಜಕ್ಕೂ ಕೆಲಸ ಮಾಡ್ತದೆ, ಗಣಿತದಲ್ಲಂತೂ ಬಾಯಲ್ಲಿ ವಿವರಿಸ್ಲಿಕ್ಕೆ ಹೋದಾಗ್ಲೇ ಎಲ್ಲಿ ತಿಳಿದಿಲ್ಲ ಅಂತ ಆ ಮಗುವಿಗೇ ಗೊತ್ತಾಗುದು. ಹೆಣ್ಣುಮಕ್ಕಳು ಸಂಜೆ ಅಮ್ಮನ ಜೊತೆ ಬೀಡಿಗೆ ಕೂರುವ ಮನೆಗಳೂ ಉಂಟು. ಅದನ್ನು ನಿಲ್ಲಿಸಿ ಅಂತ ಒಂದೇ ಸಲ ಹೇಳಿದ್ರೆ ಅಮ್ಮ ನನ್ನ ಹತ್ರ ಮಾತಾಡುದೇ ಬಿಡ್ತಾರೆ, ಆ ದುಡ್ಡಿಗೆ ಮನೆಯಲ್ಲಿ ಲೆಕ್ಕ ಇರ್ತದೆ. ನಾನು ಕೇಳಿದ್ದು ಏಳರಿಂದ ಒಂಬತ್ತರವರೆಗಿನ ಹೊತ್ತು ಅವಳಿಗೆ ಬಿಟ್ಟುಕೊಡಿ ಅಂತ, ಟೆಂತಿನ ವರ್ಷ ಪೂರ್ತಿ ಬಿಡಿಸಿ ಅಂತ. ಹೆಚ್ಚಿನವರು ಒಪ್ಪಿದ್ರು.

ಒಂಬತ್ತು ಹತ್ತರ ಮಕ್ಕಳನ್ನು ಅಪ್ಪ ಅಮ್ಮನ ಜೊತೆಯಲ್ಲೇ ಕಾಲೇಜು ನೋಡ್ಲಿಕ್ಕೆ ಕರ್ಕೊಂಡು ಹೋಗುದು ನನಗೆ ತುಂಬ ಇಷ್ಟದ ಕೆಲಸ. ಹತ್ತಿರದ ಸರ್ಕಾರಿ ಪಿಯು ಕಾಲೇಜು, ಮತ್ತೆ ಮಂಗಳೂರು ಕದ್ರಿ ಗುಡ್ಡದ ಕೆಪಿಟಿ, 1946ರಿಂದ ಇರುವ ಸರ್ಕಾರಿ ಪಾಲಿಟೆಕ್ನಿಕ್. ಡಿಪ್ಲೊಮಾ ಮಾಡಿ ಡಿಸಿಇಟಿ ಅನ್ನುವ ಪ್ರವೇಶ ಪರೀಕ್ಷೆ ಬರೆದ್ರೆ ಇಂಜಿನಿಯರಿಂಗ್ ಎರಡನೇ ವರ್ಷಕ್ಕೇ ಸೇರ್ಬಹುದು ಅಂತ ಅಲ್ಲಿ ಕೇಳಿ ಗೊತ್ತಾದವರೇ ಹೆಚ್ಚು. ಕೊಪ್ಪಳ ಕಡೆಯ ಒಬ್ಬ ಅಪ್ಪ ಲ್ಯಾಬ್ ಬಾಗಿಲಲ್ಲಿ ಚಪ್ಪಲಿ ಬಿಡ್ಲಿಕ್ಕೆ ಹೋದ್ರು, ಬೇಡ ಅಂದೆ. "ಮೇಡಂ, ಕಾಲೇಜ ಭಾಳ ಕಟ್ಟೀವ್ರಿ, ಮಗನ್ನ ಕರ್ಕೊಂಡು ಒಳಗ ಬಂದಿದ್ದು ಇದ ಮೊದ್ಲು" ಅಂದ್ರು. ಆಮೇಲೆ ಲೆಕ್ಚರರ್ ಹತ್ರ ಹಾಸ್ಟೆಲಿಗೆ ಎಷ್ಟಾಗ್ತದೆ, ಸಿವಿಲ್ ಒಳ್ಳೇದಾ ಮೆಕ್ಯಾನಿಕಲ್ ಒಳ್ಳೇದಾ ಅಂತ ಅವರೇ ನಿಂತು ಕೇಳಿದ್ರು, ಪಕ್ಕದಲ್ಲಿ ಮಗ ನೋಡ್ತಾ ಇದ್ದ.

ಇಂಗ್ಲಿಷ್ ಮೀಡಿಯಂ ವಿಷಯವೂ ಹೇಳ್ಬೇಕು. ಎಷ್ಟೋ ಮನೆಯವರು ಸಂಘದಲ್ಲಿ ಸಾಲ ಮಾಡಿ ಏಳು ಎಂಟಕ್ಕೆ ಮಕ್ಕಳನ್ನು ಖಾಸಗಿ ಇಂಗ್ಲಿಷ್ ಮೀಡಿಯಂ ಶಾಲೆಗೆ ಹಾಕ್ತಾರೆ. ಅವರ ಆಸೆ ತಪ್ಪು ಅಂತ ನಾನು ಯಾವತ್ತೂ ಹೇಳುದಿಲ್ಲ, ಇಂಗ್ಲಿಷ್ ಇಲ್ಲದೆ ಎಲ್ಲಿ ನಿಲ್ಲಿಸ್ತಾರೆ ಅಂತ ಅವರಿಗೆ ಚೆನ್ನಾಗಿ ಗೊತ್ತುಂಟು. ಆದ್ರೆ ಸಿಇಟಿ ಸೀಟಲ್ಲಿ ಒಂದರಿಂದ ಹತ್ತರವರೆಗೆ ಕನ್ನಡ ಮಾಧ್ಯಮದಲ್ಲಿ ಓದಿದವರಿಗೆ 5%, ಹತ್ತು ವರ್ಷ ಗ್ರಾಮೀಣ ಶಾಲೆಯಲ್ಲಿ ಓದಿದವರಿಗೆ 15% ಮೀಸಲು ಉಂಟು, ಮಧ್ಯದಲ್ಲಿ ಕನ್ನಡ ಮಾಧ್ಯಮ ಬಿಟ್ರೆ ಮೊದಲನೆಯದು, ಪೇಟೆಯ ಶಾಲೆಗೆ ಹೋದ್ರೆ ಎರಡನೆಯದೂ ಕೈತಪ್ತದೆ. ಇದು ಗೊತ್ತಿದ್ದು ತೀರ್ಮಾನ ಮಾಡಿದ್ರೆ ಸರಿ, ಗೊತ್ತಿಲ್ಲದೆ ಮಾಡುದು ನೋಡಿದ್ರೆ ನನಗೆ ಸಂಕಟ ಆಗ್ತದೆ.

ಇಷ್ಟೆಲ್ಲ ಮಾಡಿದ್ರೂ ಮುಟ್ಲಿಕ್ಕಾಗದ ಜಾಗ ಉಂಟು. ನಮ್ಮ ಎರಡೂ ಜಿಲ್ಲೆಯಲ್ಲಿ ನೀಟ್ ಜೆಇಇ ಕೋಚಿಂಗ್ ಸೇರಿಸಿ ಕೊಡುವ ಹಾಸ್ಟೆಲ್ ಪಿಯು ಕಾಲೇಜುಗಳಿವೆ, ಫೀಸು ಲಕ್ಷದ ಲೆಕ್ಕ. ಅಲ್ಲಿ ಎರಡು ವರ್ಷ ಬೆಳಿಗ್ಗೆಯಿಂದ ರಾತ್ರಿವರೆಗೆ ತಯಾರಾದ ಮಕ್ಕಳ ಜೊತೆ, ಕಾಲೇಜು ಮುಗಿಸಿ ಮನೆಗೆ ಬಂದು ತಮ್ಮನನ್ನೂ ನೋಡ್ಕೊಳ್ಳುವ ನನ್ನ ಹುಡುಗಿ ಒಂದೇ ಪ್ರಶ್ನೆಪತ್ರಿಕೆ ಬರೀಬೇಕು. ನಾನೊಬ್ಬಳು ಟೀಚರ್ ಸಂಜೆ ಕೂತು ಇದನ್ನು ಸರಿ ಮಾಡ್ಲಿಕ್ಕೆ ಆಗುದಿಲ್ಲ. ಪ್ರತಿ ಸರ್ಕಾರಿ ಹೈಸ್ಕೂಲಿಗೆ ಇದೇ ಕೆಲಸಕ್ಕೆ ಒಬ್ಬರನ್ನು ಸರ್ಕಾರ ಕೊಡ್ಬೇಕು, ಕಾಗದಪತ್ರ, ಸ್ಕಾಲರ್‌ಶಿಪ್, ಮುಂದಿನ ದಾರಿ, ಮನೆಯವರ ಜೊತೆ ಮಾತು, ಇಷ್ಟಕ್ಕೇ. ನಾವು ಟೀಚರುಗಳು ಅಲ್ಲಿವರೆಗೆ ಮಾಡುವಷ್ಟು ಮಾಡ್ತೇವೆ.

ನಿಮ್ಮ ಶಾಲೆಯಲ್ಲೂ ಶುರು ಮಾಡುದಾದ್ರೆ ಎಂಟನೇ ಕ್ಲಾಸಿಂದ ಮಾಡಿ, ಟೆಂತಿಗೆ ಬಂದ ಮೇಲೆ ಹೊತ್ತು ಸಾಲುದಿಲ್ಲ. ಮೊದಲ ಸಂಜೆ ಮೀಟಿಂಗಿಗೆ ಆಧಾರ್, ಪಾಸ್‌ಬುಕ್, ರೇಷನ್ ಕಾರ್ಡ್ ತರ್ಲಿಕ್ಕೆ ಹೇಳಿ, ಹೆಸರು ತಾಳೆ ಆಗ್ತದಾ ಅಂತ ಅಲ್ಲೇ ನೋಡಿ. ಅಪ್ಪ ಬರ್ಲಿಕ್ಕಾಗದಿದ್ರೆ ಅಜ್ಜಿ ಬರ್ಲಿ, ದೊಡ್ಡಮ್ಮ ಬರ್ಲಿ, ಯಾರು ಬಂದ್ರೂ ಕೂರಿಸಿ ಮಾತಾಡಿ.