ವಾಯುಪಡೆ ಕಮಾಂಡರ್ ಒಬ್ಬರ ಬದುಕನ್ನು ಓದುವುದು ಹೇಗೆ? ಡೌಡಿಂಗ್ ಅವರಿಂದ ಶುರು ಮಾಡಿ

ಎರಡನೇ ಮಹಾಯುದ್ಧದಲ್ಲಿ ಬ್ರಿಟನ್ನಿನ ಫೈಟರ್ ವಿಮಾನಗಳ ಪಡೆಯನ್ನು ನಡೆಸಿದ ಹ್ಯೂ ಡೌಡಿಂಗ್ ಬಗ್ಗೆ ಓದಲು ಕೂತವರು ಸಾಮಾನ್ಯವಾಗಿ 1940ರ ಬೇಸಿಗೆಯಿಂದ ಶುರು ಮಾಡುತ್ತಾರೆ. ಜರ್ಮನ್ ವಾಯುಪಡೆಯನ್ನು ಬ್ರಿಟನ್ ಆಕಾಶದಲ್ಲೇ ತಡೆದ ಬ್ಯಾಟಲ್ ಆಫ್ ಬ್ರಿಟನ್, ಸ್ಪಿಟ್‌ಫೈರ್ ಎಂಬ ಫೈಟರ್ ವಿಮಾನ, ಲಂಡನ್ ಮೇಲೆ ಬಾಂಬು. ಹಾಗೆ ಮಾಡಬೇಡಿ. ಅಲ್ಲಿಂದ ಶುರು ಮಾಡಿದರೆ ಈ ಮನುಷ್ಯ ಮಾಡಿದ ಕೆಲಸದ ಮುಕ್ಕಾಲು ಪಾಲು ಕಾಣುವುದೇ ಇಲ್ಲ. ಅದು ನಡೆದದ್ದು ಆಕಾಶದಲ್ಲಲ್ಲ, ಮೇಜಿನ ಮುಂದೆ, ಅದೂ ವರ್ಷಗಳ ಮೊದಲೇ.

ಮೊದಲು ಹುದ್ದೆಗಳ ಗೊಂದಲ ಬಗೆಹರಿಸಿಕೊಳ್ಳಿ. ನಮ್ಮ ವಾಯುಪಡೆಯ ಹುದ್ದೆಗಳ ಹೆಸರು ಬ್ರಿಟನ್ನಿನಿಂದಲೇ ಬಂದವು, ಹಾಗಾಗಿ ಎಲ್ಲಾ ಗೊತ್ತಿರುವುದೇ ಅನ್ನಿಸುತ್ತದೆ. ನಮ್ಮವರು ಎಡವುವುದೂ ಅಲ್ಲೇ. ನಮ್ಮಲ್ಲಿ ಏರ್ ಚೀಫ್ ಮಾರ್ಷಲ್ ಅಂದರೆ ಇಡೀ ಪಡೆಯ ಮುಖ್ಯಸ್ಥರು. ಡೌಡಿಂಗ್ 1937ರಲ್ಲಿ ಏರ್ ಚೀಫ್ ಮಾರ್ಷಲ್ ಆದರು, ಆದರೆ ಅವರ ಕೈಯಲ್ಲಿದ್ದದ್ದು ಫೈಟರ್ ಕಮಾಂಡ್ ಮಾತ್ರ. ಪಡೆಯ ಮುಖ್ಯಸ್ಥರ ಕುರ್ಚಿ ಅದೇ ವರ್ಷ ಅವರಿಗಿಂತ ಕಿರಿಯರಾದ ಸಿರಿಲ್ ನ್ಯೂಅಲ್ ಅವರಿಗೆ ಹೋಯಿತು. ಕಮಾಂಡ್ ಕೆಳಗೆ ಗ್ರೂಪ್, ಗ್ರೂಪ್ ಕೆಳಗೆ ಸೆಕ್ಟರ್, ಅದರ ಕೆಳಗೆ ಸ್ಕ್ವಾಡ್ರನ್. ಇಷ್ಟನ್ನು ತಲೆಯಲ್ಲಿ ಇಟ್ಟುಕೊಂಡರೆ ಮುಂದಿನ ಜಗಳಗಳು ಸಲೀಸಾಗಿ ಅರ್ಥವಾಗುತ್ತವೆ.

ಈಗ ಒಂದು ಹಾಳೆ ತೆಗೆದುಕೊಳ್ಳಿ. ವರ್ಷ, ಹುದ್ದೆ, ಮೇಲಧಿಕಾರಿ ಯಾರು, ಯಾವುದಕ್ಕೆ ಸಹಿ ಹಾಕಿದರು ಅಂತ ನಾಲ್ಕು ಸಾಲು ಮಾಡಿ. ಬಾಲ್ಯವನ್ನು ಬೇಗ ದಾಟಿಬಿಡಿ: 1882ರಲ್ಲಿ ಸ್ಕಾಟ್ಲೆಂಡಿನ ಮಾಫೆಟ್‌ನಲ್ಲಿ ಹುಟ್ಟು, ತಂದೆ ಶಾಲೆ ನಡೆಸುತ್ತಿದ್ದರು, 1900ರಲ್ಲಿ ಫಿರಂಗಿ ದಳ, ಸಿಲೋನ್, ಹಾಂಗ್‌ಕಾಂಗ್, ಇಂಡಿಯಾ. ವಿಮಾನ ಹಾರಿಸಲು ಕಲಿತದ್ದು 1913ರಲ್ಲಿ, ಆಗ ಅವರಿಗೆ 31.

1916ಕ್ಕೆ ಬಂದಾಗ ಸ್ವಲ್ಪ ನಿಲ್ಲಿ. ಮೊದಲ ಮಹಾಯುದ್ಧದ ಸೊಮ್ ಕದನದಲ್ಲಿ ತಮ್ಮ ಕೈಕೆಳಗಿನ ಒಂದು ಸ್ಕ್ವಾಡ್ರನ್ ಬಹಳ ಜನರನ್ನು ಕಳೆದುಕೊಂಡಾಗ, ಅದಕ್ಕೆ ವಿಶ್ರಾಂತಿ ಕೊಡಿ ಎಂದು ಡೌಡಿಂಗ್ ಕೇಳಿದರು. ಮೇಲಧಿಕಾರಿ ಹ್ಯೂ ಟ್ರೆಂಚರ್ಡ್ ಅವರಿಗೆ ಇದು ಹಿಡಿಸಲಿಲ್ಲ. ಆಮೇಲೆ ಡೌಡಿಂಗ್ ಅವರನ್ನು ಬ್ರಿಟನ್ನಿಗೆ ವಾಪಸ್ ಕಳಿಸಿದರು. ಪೈಲಟ್ ದಣಿಯುತ್ತಾನೆ, ಅವನೂ ಮನುಷ್ಯ ಅನ್ನುವ ಈ ಮಾತನ್ನು ಹಾಳೆಯಲ್ಲಿ ದಪ್ಪಗೆ ಬರೆದುಕೊಳ್ಳಿ, 1940ರಲ್ಲಿ ಮತ್ತೆ ಬೇಕಾಗುತ್ತದೆ.

ಮುಂದಿನ ನಿಲ್ದಾಣ 1930. ಸರಬರಾಜು ಮತ್ತು ಸಂಶೋಧನೆಯ ಹೊಣೆ. ಎಷ್ಟು ಬೇಜಾರಿನ ಹೆಸರು ಅಲ್ವಾ? ಜನ ಈ ಪುಟ ಹಾರಿಸುತ್ತಾರೆ, ನನ್ನ ಪ್ರಕಾರ ಇದೇ ಅವರ ಬದುಕಿನ ನಡುಗಂಬ. ಹೊಸದಾಗಿ ಬಂದಿದ್ದ ಅವರು ಆರ್101 ಎಂಬ ದೈತ್ಯ ಗಾಳಿಹಡಗಿನ ಹಾರಾಟಕ್ಕೆ ಒಪ್ಪಿಗೆ ಕೊಟ್ಟರು. ಅದು ಅದೇ ಅಕ್ಟೋಬರ್‌ನಲ್ಲಿ ಫ್ರಾನ್ಸ್‌ನಲ್ಲಿ ಬಿದ್ದು 48 ಜನ ಸತ್ತರು. ಇನ್ನೂ ಹೆಚ್ಚು ಪರೀಕ್ಷೆ ಬೇಕೆಂದು ತಾನು ಪಟ್ಟು ಹಿಡಿಯಬೇಕಿತ್ತು ಎಂದು ಡೌಡಿಂಗ್ ಮುಂದೆ ಒಪ್ಪಿಕೊಂಡರು. 1935ರಲ್ಲಿ ವಿಜ್ಞಾನಿ ರಾಬರ್ಟ್ ವಾಟ್ಸನ್-ವಾಟ್ ರೇಡಿಯೋ ಅಲೆಗಳಿಂದ ವಿಮಾನ ಪತ್ತೆ ಮಾಡಬಹುದು ಎಂದಾಗ ಡೌಡಿಂಗ್ ಕೇಳಿದ್ದು ಒಂದೇ: ಮಾಡಿ ತೋರಿಸಿ. ಫೆಬ್ರವರಿ 26ರಂದು ಡ್ಯಾವೆಂಟ್ರಿ ಹತ್ತಿರ, ಬಿಬಿಸಿ ಪ್ರಸಾರದ ಅಲೆಗಳನ್ನೇ ಬಳಸಿ, ಒಂದು ಹೇಫರ್ಡ್ ಬಾಂಬರನ್ನು ಪತ್ತೆ ಮಾಡಿದರು. ರಾಡಾರ್ ಕೆಲಸಕ್ಕೆ ಹಣ ಬಂತು. ಹರಿಕೇನ್, ಸ್ಪಿಟ್‌ಫೈರ್ ಫೈಟರ್‌ಗಳು ಬೆಳೆದದ್ದೂ ಇದೇ ವರ್ಷಗಳಲ್ಲಿ.

1936ರಲ್ಲಿ ಫೈಟರ್ ಕಮಾಂಡ್ ಹುಟ್ಟಿತು, ಕಚೇರಿ ಲಂಡನ್ ಹೊರವಲಯದ ಬೆಂಟ್ಲಿ ಪ್ರಯೋರಿ. ಇಲ್ಲಿ ರಾಡಾರ್ ಬಗ್ಗೆ ಓದಿ ಸುಮ್ನೆ ಮುಂದೆ ಹೋಗಬೇಡಿ, ಸುದ್ದಿ ಹೇಗೆ ಓಡುತ್ತಿತ್ತು ಎಂದು ಕಾಗದದ ಮೇಲೆ ಬಾಣ ಹಾಕಿ ಬಿಡಿಸಿ. ಕರಾವಳಿಯ ರಾಡಾರ್ ಗೋಪುರಗಳಿಂದ ಫೋನ್‌ನಲ್ಲಿ ಬೆಂಟ್ಲಿ ಪ್ರಯೋರಿಯ ಫಿಲ್ಟರ್ ರೂಮಿಗೆ, ಅಲ್ಲಿ ಸರಿತಪ್ಪು ನೋಡಿ ಗ್ರೂಪ್‌ಗಳಿಗೆ ಮತ್ತು ಸೆಕ್ಟರ್‌ಗಳಿಗೆ, ಸೆಕ್ಟರ್‌ನಿಂದ ರೇಡಿಯೋದಲ್ಲಿ ಪೈಲಟ್‌ನ ಕಿವಿಗೆ. ಶತ್ರು ವಿಮಾನ ಕರಾವಳಿ ದಾಟಿ ಒಳಗೆ ಬಂದರೆ ರಾಡಾರ್ ಅಲ್ಲ, ನೆಲದಲ್ಲಿ ನಿಂತು ಆಕಾಶ ಕಾಯುವ ಅಬ್ಸರ್ವರ್ ಕೋರ್‌ನವರ ಕಣ್ಣು ಕಿವಿಯೇ ಗತಿ. ಗೋಡೆ ಗಡಿಯಾರವನ್ನು ಐದೈದು ನಿಮಿಷದ ಕೆಂಪು, ಹಳದಿ, ನೀಲಿ ತುಂಡುಗಳಾಗಿ ಮಾಡಿದ್ದರು. ಸುದ್ದಿ ಬಂದಾಗ ಮುಳ್ಳು ಯಾವ ಬಣ್ಣದ ಮೇಲಿತ್ತೋ ಅದೇ ಬಣ್ಣದ ಬಿಲ್ಲೆಯನ್ನು ನಕ್ಷೆಯ ಮೇಲೆ ಇಡುವುದು. ನೋಡಿದ ತಕ್ಷಣ ಯಾವುದು ಹೊಸ ಸುದ್ದಿ, ಯಾವುದು ಹಳಸಿದ್ದು ಎಂದು ಗೊತ್ತಾಗುತ್ತಿತ್ತು. ಎಷ್ಟು ಸರಳ! ಜರ್ಮನರ ಹತ್ತಿರವೂ ಒಳ್ಳೆಯ ರಾಡಾರ್ ಇತ್ತು, ಇಂಥ ಜೋಡಣೆ ಆಗ ಇರಲಿಲ್ಲ.

1940ಕ್ಕೆ ಈಗ ಬನ್ನಿ. ಮೇ 16ರಂದು ಅವರು ವಾಯು ಸಚಿವಾಲಯಕ್ಕೆ ಬರೆದ ಪತ್ರವನ್ನು ಪೂರ್ತಿ ಓದಿ, ಹತ್ತೇ ಅಂಶಗಳಿವೆ. ಫ್ರಾನ್ಸ್ ಕುಸಿಯುತ್ತಿತ್ತು, ಇನ್ನಷ್ಟು ಫೈಟರ್ ಕಳಿಸಿ ಎಂಬ ಒತ್ತಡ ಜೋರಾಗಿತ್ತು. ದೇಶ ಕಾಯಲು 52 ಸ್ಕ್ವಾಡ್ರನ್ ಬೇಕೆಂದು ಲೆಕ್ಕ ಹಾಕಿದ್ದಿರಿ, ಈಗ ನನ್ನ ಬಳಿ 36ಕ್ಕೆ ಸಮ ಉಳಿದಿದೆ, ಇನ್ನೂ ಕಳಿಸಿದರೆ ಬ್ರಿಟನ್ ಕೂಡ ಸೋಲುತ್ತದೆ ಎಂದು ನೇರವಾಗಿ ಬರೆದರು. ಈ ಪತ್ರವನ್ನು ಓದುವಾಗ 1916ನ್ನು ನೆನಪಿಸಿಕೊಳ್ಳಿ. ಅದೇ ಮನುಷ್ಯ, ಅದೇ ಹಟ.

ಕಷ್ಟದ ಭಾಗ ನವೆಂಬರ್ 1940. ಗೆದ್ದ ಸೇನಾನಿಯನ್ನು ಹುದ್ದೆಯಿಂದ ಇಳಿಸಿದರು. ಓದುಗರಿಗೆ ಸಿಟ್ಟು ಬರುತ್ತದೆ, ನನಗೂ ಬರುತ್ತದೆ. ಆದರೆ ಪಿತೂರಿ ಎಂದು ಒಂದೇ ಪದದಲ್ಲಿ ಮುಗಿಸಬೇಡಿ, ಕಾರಣಗಳನ್ನು ಬಿಡಿಬಿಡಿಯಾಗಿ ಇಡಿ. ಒಂದು, ಅವರ ನಿವೃತ್ತಿ ದಿನಾಂಕ ಮೊದಲೇ ಹಲವು ಸಲ ಮುಂದಕ್ಕೆ ಹೋಗಿತ್ತು. ಇನ್ನೊಂದು, 11ನೇ ಗ್ರೂಪ್‌ನ ಕೀತ್ ಪಾರ್ಕ್ ಮತ್ತು 12ನೇ ಗ್ರೂಪ್‌ನ ಲೀ-ಮ್ಯಾಲರಿ ನಡುವೆ, ಹಲವು ಸ್ಕ್ವಾಡ್ರನ್ ಒಟ್ಟುಗೂಡಿಸಿ ದಾಳಿ ಮಾಡಬೇಕೇ ಬೇಡವೇ ಎಂಬ ಜಗಳ. ಬೇಕು ಎಂದವರು ಲೀ-ಮ್ಯಾಲರಿ; ಪಾರ್ಕ್ ಹೇಳಿದ್ದೇ ಸರಿ ಎಂದು ನನಗನ್ನಿಸುತ್ತದೆ, ಆದರೂ ಕೈಕೆಳಗಿನ ಇಬ್ಬರ ಜಗಳವನ್ನು ಬಗೆಹರಿಸದೆ ಬಿಟ್ಟದ್ದು ಡೌಡಿಂಗ್ ಅವರ ತಪ್ಪೇ. ಮೂರನೆಯದು ರಾತ್ರಿ ದಾಳಿ: ಲಂಡನ್ ಉರಿಯುತ್ತಿತ್ತು, ಕತ್ತಲಲ್ಲಿ ಬಾಂಬರ್ ಹಿಡಿಯಲು ವಿಮಾನದೊಳಗಿನ ರಾಡಾರ್ ಇನ್ನೂ ಪಳಗಿರಲಿಲ್ಲ, ಜನಕ್ಕೆ ಕಾಯುವ ತಾಳ್ಮೆ ಇರಲಿಲ್ಲ.

ಮೂಲ ದಾಖಲೆ ಬೇಕೆಂದರೆ ಮೊದಲು ಅವರದೇ ವರದಿ ಓದಿ. 1941ರಲ್ಲಿ ಬರೆದದ್ದು, ಲಂಡನ್ ಗೆಜೆಟ್‌ನಲ್ಲಿ ಅಚ್ಚಾದದ್ದು 1946ರಲ್ಲಿ. ಅದರ ಪಕ್ಕದಲ್ಲಿ 1941ರಲ್ಲಿ ವಾಯು ಸಚಿವಾಲಯ ಹೊರತಂದ ಯುದ್ಧದ ಕಿರುಪುಸ್ತಕ ಇಟ್ಟು ನೋಡಿ, ಅದರಲ್ಲಿ ಡೌಡಿಂಗ್ ಹೆಸರೇ ಇಲ್ಲ. ಆಮೇಲೆ ಬ್ರಿಟನ್ನಿನ ರಾಷ್ಟ್ರೀಯ ಪತ್ರಾಗಾರದಲ್ಲಿ ಏರ್ 16 ಎಂಬ ಸರಣಿ ಫೈಟರ್ ಕಮಾಂಡ್‌ನದು, ಏರ್ 27 ಸ್ಕ್ವಾಡ್ರನ್‌ಗಳ ದಿನಚರಿ.

ಕೊನೆಯ ವರ್ಷಗಳನ್ನು ನಗೆಪಾಟಲು ಮಾಡುವವರ ಮಾತಿಗೆ ಕಿವಿಗೊಡಬೇಡಿ. ಅವರು ಸತ್ತವರ ಆತ್ಮಗಳ ಜೊತೆ ಮಾತಾಡಬಹುದು ಎಂದು ನಂಬಿದರು, ಮಾಂಸ ಬಿಟ್ಟರು, ಪ್ರಾಣಿಹಿಂಸೆ ವಿರುದ್ಧ ದನಿ ಎತ್ತಿದರು. ಆ 1940ರ ಹೋರಾಟದಲ್ಲಿ ಅವರ ಕೈಕೆಳಗೆ ಹಾರಿದವರಲ್ಲಿ 544 ಜನ ಸತ್ತಿದ್ದರು, ಅವರ ಸ್ವಂತ ಮಗ ಡೆರೆಕ್ ಕೂಡ ಹಾರುತ್ತಿದ್ದ. ಡೆರೆಕ್ ಬದುಕಿ ಉಳಿದ. 1970ರಲ್ಲಿ ಡೌಡಿಂಗ್ ತೀರಿಕೊಂಡರು, ಚಿತಾಭಸ್ಮ ವೆಸ್ಟ್‌ಮಿನ್‌ಸ್ಟರ್ ಅಬೆಯಲ್ಲಿದೆ.

ಲಂಡನ್ ಕಡೆ ಇರುವ ಕನ್ನಡಿಗರು ಒಂದು ರಜೆಯ ದಿನ ಅಕ್ಸ್‌ಬ್ರಿಜ್‌ಗೆ ಹೋಗಿ. 11ನೇ ಗ್ರೂಪ್‌ನ ನೆಲದಡಿಯ ಕೋಣೆ ಈಗ ನೋಡಲು ತೆರೆದಿದೆ. ಮೆಟ್ಟಿಲು ಇಳಿದ ಮೇಲೆ ನಕ್ಷೆಗಿಂತ ಮೊದಲು ಆ ಬಣ್ಣದ ಗಡಿಯಾರ ಹುಡುಕಿ.