ಕೈ ಮೂಳೆ ಕೂಡಿದ್ಮೇಲೂ ಉಳಿಯೋ ತೊಂದ್ರೆಗೆ ಕೋಡ್ ಹಾಕೋದು ಹೇಗೆ

ತುಮಕೂರಲ್ಲಿ ಕೂತು ಅಮೆರಿಕದ ಚಾರ್ಟ್ (ರೋಗಿಯ ದಾಖಲೆ) ಕೋಡ್ ಮಾಡೋ ಹೊಸಬ್ರು ಎಡವೋದೇ ಇಲ್ಲಿ. ಮೂಳೆ ಕೂಡ್ಕೊಂಡಿದೆ ಆದ್ರೆ ಹಳೇ ಮುರಿತದಿಂದ ಬಲಗೈ ಬಿಗಿಯಾಗಿ ಮುಷ್ಟಿ ಕಟ್ಟಕ್ಕಾಗ್ತಿಲ್ಲ ಅಂತ ಡಾಕ್ಟ್ರು ಬರ್ದಿದ್ರೆ, ಐಸಿಡಿ-10-ಸಿಎಂನಲ್ಲಿ (ಕಾಯಿಲೆ, ಗಾಯಕ್ಕೆ ಅಮೆರಿಕದಲ್ಲಿ ಬಳಸೋ ಕೋಡ್ ಪಟ್ಟಿ) ಮೊದ್ಲು ಈಗಿರೋ ಬಿಗಿತಕ್ಕೆ ಎಂ25.641 ಹಾಕಿ, ಆಮೇಲೆ ಹಳೇ ಮುರಿತದ್ದು, ಐದನೇ ಮೆಟಾಕಾರ್ಪಲ್ (ಕಿರುಬೆರಳಿನ ಬುಡದ ಅಂಗೈ ಮೂಳೆ) ಆಗಿದ್ದು ಮುರಿತದ ವಿವರ ಏನೂ ಇಲ್ದಿದ್ರೆ ಎಸ್62.306ಎಸ್. ಕೊನೇ ಎಸ್ ಅಂದ್ರೆ ಸೀಕ್ವೆಲಾ, ಹಳೇ ಗಾಯದಿಂದ ಉಳಿದ ತೊಂದ್ರೆ; ಅದು ಗಾಯದ ಕೋಡಿಗೆ ಮಾತ್ರ, ಬಿಗಿತಕ್ಕೆ ಅಂಟಿಸ್ಬೇಡಿ ಮಾರಾಯ್ರೆ. ಮುರಿದು ಇಷ್ಟು ತಿಂಗ್ಳು ಆಗಿರ್ಲೇಬೇಕು ಅನ್ನೋ ಲೆಕ್ಕ ಏನಿಲ್ಲ, ಎರಡಕ್ಕೂ ಸಂಬಂಧ ಇದೆ ಅಂತ ಚಾರ್ಟಲ್ಲಿರ್ಬೇಕು, ಇಲ್ದಿದ್ರೆ ನೀವೇ ಊಹೆ ಮಾಡ್ಬೇಡಿ, ಡಾಕ್ಟ್ರಿಗೆ ಕ್ವೆರಿ ಹಾಕಿ ಕೇಳಿ. ಮೂಳೆ ಸೊಟ್ಟಗೆ ಕೂಡಿ ಅದಕ್ಕಿನ್ನೂ ಟ್ರೀಟ್‌ಮೆಂಟ್ ನಡೀತಿದ್ರೆ ಕೊನೇ ಅಕ್ಷರ ಎಸ್ ಬದಲು ಪಿ, ಕೂಡೇ ಇಲ್ಲಾಂದ್ರೆ ಕೆ. ಡಬ್ಲ್ಯೂಎಚ್‌ಒ ಐಸಿಡಿ-10 ಬಳಸೋ ಕಡೆ ಈ ಕೊನೇ ಎಸ್ ಇರಲ್ಲ, ಹಳೇ ಮುರಿತಕ್ಕೆ ಟಿ92.2.